10,363 ಸ್ನ್ಯಾಪ್: ಸೋಲುವ ತಂಡದಲ್ಲಿ ಜೋ ಥಾಮಸ್ ಆಡಿದ ಹನ್ನೊಂದು ವರ್ಷ

2018ರ ಸೆಪ್ಟೆಂಬರ್ 20ರ ರಾತ್ರಿ ಕ್ಲೀವ್‌ಲ್ಯಾಂಡ್ ಬ್ರೌನ್ಸ್ ಎಂಬ ಅಮೆರಿಕನ್ ಫುಟ್‌ಬಾಲ್ ತಂಡ ತನ್ನ ಕ್ರೀಡಾಂಗಣದ ಗೌರವ ಪಟ್ಟಿಗೆ ಒಂದು ಸಂಖ್ಯೆ ಸೇರಿಸಿತು: 10,363. ಆ ಪಟ್ಟಿಯಲ್ಲಿ ಸಾಮಾನ್ಯವಾಗಿ ಇರುವುದು ಹಳೆಯ ದೊಡ್ಡ ಆಟಗಾರರ ಹೆಸರುಗಳು. ಈ ಸಂಖ್ಯೆ ಜೋ ಥಾಮಸ್ ಎಂಬ ಲೆಫ್ಟ್ ಟ್ಯಾಕಲ್, ಅಂದರೆ ಆಕ್ರಮಣ ಸಾಲಿನ ಎಡತುದಿ ಕಾಯುವ ಆಟಗಾರ, ಅವರದ್ದು. 2007ರ ಮೊದಲ ಪಂದ್ಯದಿಂದ 2017ರ ಅಕ್ಟೋಬರ್‌ವರೆಗೆ ಬ್ರೌನ್ಸ್ ಆಕ್ರಮಣಕ್ಕೆ ನಿಂತ ಒಂದೊಂದು ಸಲವೂ ಅವರು ಮೈದಾನದಲ್ಲಿದ್ದರು. 167 ಪಂದ್ಯ ಆಡಿದರು, ಒಂದು ಸ್ನ್ಯಾಪ್ (ಆಟದ ಒಂದು ಪ್ರಯತ್ನ) ಕೂಡ ತಪ್ಪಿಸಲಿಲ್ಲ. ಅಮೆರಿಕದ ವೃತ್ತಿಪರ ಫುಟ್‌ಬಾಲ್ ಲೀಗ್ ಎನ್‌ಎಫ್‌ಎಲ್ 1999ರಿಂದ ಸ್ನ್ಯಾಪ್‌ಗಳ ಲೆಕ್ಕ ಇಡುತ್ತಿದೆ. ಅಷ್ಟೂ ಕಾಲದಲ್ಲಿ ಇದಕ್ಕಿಂತ ಉದ್ದದ ಸರಣಿ ಇಲ್ಲ.

ಇದರ ಪಕ್ಕದಲ್ಲೇ ಇಡಬೇಕಾದ ಇನ್ನೊಂದು ಲೆಕ್ಕ ಇದೆ. ಥಾಮಸ್ ತಂಡದಲ್ಲಿದ್ದ ಹನ್ನೊಂದು ಋತುಗಳಲ್ಲಿ ಬ್ರೌನ್ಸ್ 48 ಪಂದ್ಯ ಗೆದ್ದಿತು, 128 ಸೋತಿತು. ಋತುವಿನ ಕೊನೆಗೆ ಬರುವ ನಾಕೌಟ್ ಸುತ್ತಿನ, ಅಂದರೆ ಪ್ಲೇಆಫ್‌ನ, ಒಂದೇ ಒಂದು ಪಂದ್ಯ ಆಡುವ ಯೋಗವೂ ಅವರಿಗೆ ಬರಲಿಲ್ಲ.

ತನ್ನ ಜಾಗದಲ್ಲಿ ಆ ಕಾಲದ ಅತ್ಯುತ್ತಮ ಅನ್ನಿಸಿಕೊಂಡವರು, ಆ ಕಾಲದ ಅತ್ಯಂತ ಕೆಟ್ಟ ತಂಡದಲ್ಲಿ ಇಷ್ಟು ವರ್ಷ ಆಡಿದ ಇಂಥ ಪ್ರಕರಣ ಅಪರೂಪ. ಆಫೆನ್ಸಿವ್ ಲೈನ್‌ಮನ್ ಎಂಬ ಕೆಲಸಕ್ಕೆ ಬೆಲೆ ಕಟ್ಟುವುದು ಹೇಗೆ, ಒಬ್ಬ ಲೈನ್‌ಮನ್ ತಂಡಕ್ಕೆ ಏನು ಕೊಡಬಲ್ಲ, ಏನು ಕೊಡಲಾರ ಅನ್ನೋದಕ್ಕೆ ಇದಕ್ಕಿಂತ ಒಳ್ಳೆಯ ಉದಾಹರಣೆ ನನಗೆ ಗೊತ್ತಿಲ್ಲ.

ಅಂಕಿಅಂಶ ಇಲ್ಲದ ಕೆಲಸ

ಈ ಆಟ ಗೊತ್ತಿಲ್ಲದವರಿಗೆ ಒಂದೆರಡು ಮಾತು. ಒಂದು ಕಡೆಗೆ ಹನ್ನೊಂದು ಜನ. ಚೆಂಡು ಇರುವ ತಂಡಕ್ಕೆ ನಾಲ್ಕು ಪ್ರಯತ್ನ, ಅಷ್ಟರಲ್ಲಿ ಹತ್ತು ಗಜ ಮುಂದೆ ಹೋಗಬೇಕು. ಹೋದರೆ ಮತ್ತೆ ನಾಲ್ಕು ಪ್ರಯತ್ನ. ಪ್ರತಿ ಪ್ರಯತ್ನವೂ ಸೆಂಟರ್ ತನ್ನ ಕಾಲುಗಳ ನಡುವಿನಿಂದ ಚೆಂಡನ್ನು ಹಿಂದಕ್ಕೆ ಕೊಡುವುದರಿಂದ ಶುರು. ಅದೇ ಸ್ನ್ಯಾಪ್. ಚೆಂಡು ಪಡೆದ ಕ್ವಾರ್ಟರ್‌ಬ್ಯಾಕ್ ಎಸೆಯುತ್ತಾನೆ, ಇಲ್ಲವೇ ಓಡುವವನ ಕೈಗೆ ಕೊಡುತ್ತಾನೆ. ಅವನ ಮುಂದೆ ಸಾಲಾಗಿ ಐದು ದಢೂತಿಗಳು ಇರುತ್ತಾರೆ: ನಡುವೆ ಸೆಂಟರ್, ಅವನ ಎರಡೂ ಪಕ್ಕ ಗಾರ್ಡ್‌ಗಳು, ತುದಿಗಳಲ್ಲಿ ಟ್ಯಾಕಲ್‌ಗಳು. ಈ ಐವರು ಸಾಮಾನ್ಯವಾಗಿ ಚೆಂಡು ಮುಟ್ಟುವುದಿಲ್ಲ, ಸೆಂಟರ್ ಒಬ್ಬನನ್ನು ಬಿಟ್ಟು. ಪಾಸ್ ಹಿಡಿಯುವುದಕ್ಕೆ ನಿಯಮವೇ ಬಿಡುವುದಿಲ್ಲ. ಎದುರಾಳಿಗಳನ್ನು ತಡೆಯುವುದಷ್ಟೇ ಕೆಲಸ.

ಬಲಗೈಯಲ್ಲಿ ಎಸೆಯುವ ಕ್ವಾರ್ಟರ್‌ಬ್ಯಾಕ್ ಎಸೆಯಲು ತಿರುಗಿ ನಿಂತಾಗ ಅವನ ಬೆನ್ನು ಎಡಕ್ಕೆ ಬರುತ್ತದೆ. ಆ ಕಡೆಯಿಂದ ಬರುವವನು ಅವನಿಗೆ ಕಾಣುವುದಿಲ್ಲ. 1985ರ ನವೆಂಬರ್ 18ರಂದು ವಾಷಿಂಗ್ಟನ್ನಿನ ಕ್ವಾರ್ಟರ್‌ಬ್ಯಾಕ್ ಜೋ ಥೈಸ್‌ಮನ್ ಅವರನ್ನು ನ್ಯೂಯಾರ್ಕ್ ಜೈಂಟ್ಸ್‌ನ ಲಾರೆನ್ಸ್ ಟೇಲರ್ ಕೆಡವಿದಾಗ ಥೈಸ್‌ಮನ್ ಕಾಲು ಮುರಿದಿದ್ದನ್ನು ದೇಶವಿಡೀ ಟಿವಿಯಲ್ಲಿ ನೋಡಿತು. ಅಲ್ಲಿಗೆ ಅವರ ಆಟ ಮುಗಿಯಿತು. ಟೇಲರ್ ಥರದವರು ಬಂದ ಮೇಲೆ ಎಡತುದಿ ಕಾಯುವವನ ಬೆಲೆ ಏರಿತು. 1993ರಲ್ಲಿ ಆಟಗಾರರಿಗೆ ಬೇಕಾದ ತಂಡಕ್ಕೆ ಹೋಗುವ ಸ್ವಾತಂತ್ರ್ಯ ಸಿಕ್ಕ ಮೇಲಂತೂ ಲೆಫ್ಟ್ ಟ್ಯಾಕಲ್ ಸಂಬಳ ಉಳಿದ ಲೈನ್‌ಮನ್‌ಗಳನ್ನು ಮೀರಿಸಿ ಹೋಯಿತು.

ಸಂಬಳ ಏರಿದರೂ ಅಂಕಿಅಂಶ ಮಾತ್ರ ಹುಟ್ಟಲಿಲ್ಲ. ಥಾಮಸ್ ಬಗ್ಗೆ ಓದುವ ನಮ್ಮ ಕಡೆಯವರಿಗೆ ದ್ರಾವಿಡ್ ನೆನಪಾಗಬಹುದು, ಸಹಜ. ಆದರೆ ದ್ರಾವಿಡ್ ಎಷ್ಟೇ ಸದ್ದಿಲ್ಲದೆ ಆಡಿದ್ದರೂ ಅವರ ಹೆಸರಿನ ಮುಂದೆ 13,288 ಟೆಸ್ಟ್ ರನ್ ಇದೆ, ಅಲ್ವಾ? ಲೆಫ್ಟ್ ಟ್ಯಾಕಲ್ ಹೆಸರಿನ ಮುಂದೆ ಬರುವುದು ಅವನು ಮಾಡಿದ ತಪ್ಪುಗಳು ಮಾತ್ರ. ಬಿಟ್ಟುಕೊಟ್ಟ ಸ್ಯಾಕ್ (ಚೆಂಡು ಎಸೆಯುವ ಮುಂಚೆಯೇ ಕ್ವಾರ್ಟರ್‌ಬ್ಯಾಕ್ ಕೆಳಗೆ ಬೀಳುವುದು), ಹಿಡಿದೆಳೆದಿದ್ದಕ್ಕೆ ಹತ್ತು ಗಜದ ದಂಡ, ಸ್ನ್ಯಾಪ್‌ಗೆ ಮುಂಚೆ ಅಲುಗಾಡಿದ್ದಕ್ಕೆ ಐದು ಗಜದ ದಂಡ. ಥಾಮಸ್ ಹೆಸರಿಗೆ ಅಂತ ಒಂದು ಸಂಖ್ಯೆ ಬೇಕಾದಾಗ ಎಷ್ಟು ಸಲ ಹಾಜರಿದ್ದರು ಎಂದು ಎಣಿಸಬೇಕಾಯಿತು.

ವಿಸ್ಕಾನ್ಸಿನ್‌ನಿಂದ

ಥಾಮಸ್ ಹುಟ್ಟಿದ್ದು 1984ರಲ್ಲಿ, ವಿಸ್ಕಾನ್ಸಿನ್ ರಾಜ್ಯದ ಬ್ರೂಕ್‌ಫೀಲ್ಡ್‌ನಲ್ಲಿ. ಓದಿದ್ದು, ಆಡಿದ್ದು ಅದೇ ರಾಜ್ಯದ ವಿಶ್ವವಿದ್ಯಾಲಯದಲ್ಲಿ. ಫುಟ್‌ಬಾಲ್ ಜೊತೆಗೆ ಗುಂಡು ಎಸೆತ, ಡಿಸ್ಕಸ್ ಎಸೆತದಲ್ಲೂ ಕಾಲೇಜಿನ ಪರವಾಗಿ ಸ್ಪರ್ಧಿಸುತ್ತಿದ್ದರು. ಇದನ್ನು ಸುಮ್ನೆ ಹೇಳುತ್ತಿಲ್ಲ. ಆ ಎಸೆತಗಳಲ್ಲಿ ದೊಡ್ಡ ಮೈಯನ್ನು ಚಿಕ್ಕ ಜಾಗದಲ್ಲಿ ಸಮತೋಲನ ಕೆಡದಂತೆ ತಿರುಗಿಸಬೇಕು. ಟ್ಯಾಕಲ್ ಕೆಲಸಕ್ಕೂ ಬೇಕಾದದ್ದು ಅದೇ.

2006ರ ಜನವರಿ 2ರಂದು ಒರ್ಲಾಂಡೊದಲ್ಲಿ ಆಬರ್ನ್ ವಿಶ್ವವಿದ್ಯಾಲಯದ ವಿರುದ್ಧ ಪಂದ್ಯ ಇತ್ತು. ವಿಸ್ಕಾನ್ಸಿನ್ ರಕ್ಷಣಾ ಸಾಲಿನಲ್ಲಿ ಗಾಯಾಳುಗಳು ಜಾಸ್ತಿ ಆಗಿದ್ದರಿಂದ ಥಾಮಸ್ ಅವರನ್ನು ಆ ಕಡೆಗೂ ಆಡಿಸಿದರು. ಅಲ್ಲಿ ಮೊಣಕಾಲಿನ ಎಸಿಎಲ್ ಎಂಬ ಲಿಗಮೆಂಟ್ ಹರಿಯಿತು. ಅದೇ ವರ್ಷ ಡ್ರಾಫ್ಟ್‌ಗೆ (ವೃತ್ತಿಪರ ತಂಡಗಳು ಕಾಲೇಜು ಆಟಗಾರರನ್ನು ಸರದಿಯಂತೆ ಆರಿಸಿಕೊಳ್ಳುವುದು) ಹೋಗಬಹುದಾಗಿದ್ದವರು ಕಾಲೇಜಿಗೆ ವಾಪಸ್ ಬಂದರು. ಕಾಲು ವಾಸಿಯಾಗಿ ಆಡಿದ ಆ ಋತುವಿನಲ್ಲೇ ಕಾಲೇಜು ಮಟ್ಟದ ಅತ್ಯುತ್ತಮ ಲೈನ್‌ಮನ್‌ಗೆ ಕೊಡುವ ಔಟ್‌ಲ್ಯಾಂಡ್ ಟ್ರೋಫಿ ಗೆದ್ದರು. ಮುಂದೆ ಹತ್ತು ವರ್ಷ ಒಂದು ಸ್ನ್ಯಾಪ್ ತಪ್ಪಿಸದ ಮನುಷ್ಯನ ಮೊಣಕಾಲು ಅಷ್ಟರಲ್ಲಾಗಲೇ ಒಮ್ಮೆ ರಿಪೇರಿ ಆಗಿತ್ತು.

2007ರ ಏಪ್ರಿಲ್ 28ರ ಡ್ರಾಫ್ಟ್ ದಿನ ಮೊದಲ ಸಾಲಿನ ಹುಡುಗರು ಸೂಟು ಹಾಕಿಕೊಂಡು ನ್ಯೂಯಾರ್ಕಿನಲ್ಲಿ ಕೂತಿದ್ದರು. ಥಾಮಸ್ ಅಪ್ಪನ ಜೊತೆ ಮಿಷಿಗನ್ ಸರೋವರದಲ್ಲಿ ಮೀನು ಹಿಡಿಯುತ್ತಿದ್ದರು. ಮೂರನೇ ಆಯ್ಕೆಯಾಗಿ ಬ್ರೌನ್ಸ್ ಕರೆದ ಸುದ್ದಿ ದೋಣಿಗೆ ಫೋನಿನಲ್ಲಿ ಬಂತು. ಅದೇ ದಿನ ಬ್ರೌನ್ಸ್ ಮುಂದಿನ ವರ್ಷದ ಮೊದಲ ಸುತ್ತಿನ ಆಯ್ಕೆಯನ್ನೂ ಬಿಟ್ಟುಕೊಟ್ಟು 22ನೇ ಜಾಗದಲ್ಲಿ ಕ್ವಾರ್ಟರ್‌ಬ್ಯಾಕ್ ಬ್ರೇಡಿ ಕ್ವಿನ್ ಅವರನ್ನೂ ತಂದಿತು. ಕ್ವಾರ್ಟರ್‌ಬ್ಯಾಕ್ ಸಿಕ್ಕ, ಅವನನ್ನು ಕಾಯುವವನೂ ಸಿಕ್ಕ ಎಂಬ ಲೆಕ್ಕಾಚಾರ. ಅರ್ಧ ಸರಿ ಹೋಯಿತು.

ಮೂರು ಸೆಕೆಂಡಿನ ಕೆಲಸ

ಒಂದು ಪಾಸ್ ಆಟದಲ್ಲಿ ಲೆಫ್ಟ್ ಟ್ಯಾಕಲ್ ಏನು ಮಾಡುತ್ತಾನೆ ಎಂದು ಹತ್ತಿರದಿಂದ ನೋಡಿದರೆ ಥಾಮಸ್ ಹೆಚ್ಚುಗಾರಿಕೆ ತಿಳಿಯುತ್ತದೆ.

ಚೆಂಡು ಅಲುಗಾಡಿದ ಕೂಡಲೇ ಎದುರಾಳಿ ಮುಂದಕ್ಕೆ ನುಗ್ಗುತ್ತಾನೆ. ಟ್ಯಾಕಲ್ ಹಿಂದಕ್ಕೆ ಹೋಗಬೇಕು, ಅದೂ ಅವನಿಗೆ ಎದೆ ಕೊಟ್ಟುಕೊಂಡೇ. ಥಾಮಸ್ ಎತ್ತರ ಆರೂವರೆ ಅಡಿ, ತೂಕ 140 ಕೆಜಿ ಆಸುಪಾಸು. ಎಡಗಾಲು ನೆಲ ಒದ್ದು ಓರೆಯಾಗಿ ಹಿಂದೆ ಸರಿಯುತ್ತದೆ, ಬಲಗಾಲು ನೆಲದ ಹತ್ತಿರದಲ್ಲೇ ಜಾರಿಕೊಂಡು ಅದರ ಹಿಂದೆ ಬರುತ್ತದೆ. ಕಾಲಿಗೆ ಕಾಲು ಅಡ್ಡ ಬಂದರೆ ಮುಗೀತು. ಸೊಂಟ ಹೊರಗೆ ತಿರುಗಿದರೆ ಒಳದಾರಿ ತೆರೆದುಕೊಳ್ಳುತ್ತದೆ. ಹೊರಕ್ಕೆ ಸರಿಯುವುದು ತಡವಾದರೆ ಅವನು ಪಕ್ಕದಿಂದ ಬಾಗಿ ದಾಟುತ್ತಾನೆ.

ಆಮೇಲೆ ಕೈ. ಎದುರಾಳಿ ಎಟುಕಿಗೆ ಬಂದಾಗ ಅಂಗೈಗಳು ಅವನ ಎದೆಯ ಚೌಕಟ್ಟಿನೊಳಗೆ ಬೀಳಬೇಕು. ಮುಂಚೆ ಚಾಚಿದರೆ ಅವನು ಕೈಗಳನ್ನು ತಟ್ಟಿ ಪಕ್ಕಕ್ಕೆ ಹಾಕುತ್ತಾನೆ. ಟ್ಯಾಕಲ್ ತನ್ನದೇ ಭಾರಕ್ಕೆ ಮುಂದೆ ಮುಗ್ಗರಿಸುತ್ತಾನೆ. ತಡಮಾಡಿದರೆ ಎದುರಾಳಿಯ ಕೈಗಳೇ ಮೊದಲು ಬೀಳುತ್ತವೆ, ಟ್ಯಾಕಲ್ ಹಿಮ್ಮಡಿಯ ಮೇಲೆ ಹಿಂದಕ್ಕೆ ಹೋಗುತ್ತಾನೆ. ಹೊರಗಿನಿಂದ ಹಿಡಿದರೆ ಸೀಟಿ. ಇಷ್ಟೆಲ್ಲ ಮೂರು ಸೆಕೆಂಡಿನ ಒಳಗೆ. ಪಂದ್ಯಕ್ಕೆ ಸರಾಸರಿ 62 ಸ್ನ್ಯಾಪ್.

ಹಿಂದೆ ಸರಿಯುವ ರೀತಿಯನ್ನು ಥಾಮಸ್ ಬದಲಾಯಿಸುತ್ತಾ ಇರುತ್ತಿದ್ದರು. ಒಮ್ಮೆ ನೇರ ಹಿಂದಕ್ಕೆ, ಒಮ್ಮೆ ಓರೆಯಾಗಿ, ಒಮ್ಮೆ ಇದ್ದಕ್ಕಿದ್ದಂತೆ ಮುಂದಕ್ಕೆ ಹೋಗಿ ಅಲ್ಲೇ ತಡೆದುಬಿಡುವುದು. ಎಲ್ಲಿ, ಯಾವ ಹೆಜ್ಜೆಗೆ ಡಿಕ್ಕಿ ಆಗುತ್ತದೆ ಅನ್ನೋದು ಎದುರಾಳಿಗೆ ಗೊತ್ತಾಗುತ್ತಿರಲಿಲ್ಲ. ಅವನು ಹೆಜ್ಜೆ ಲೆಕ್ಕ ಹಾಕಿಕೊಂಡು ಬಂದಿರುತ್ತಾನಲ್ಲ, ಆ ಲೆಕ್ಕವನ್ನೇ ಕೆಡಿಸುವುದು. ಬ್ರೌನ್ಸ್ ವಿಭಾಗದಲ್ಲೇ ಪಿಟ್ಸ್‌ಬರ್ಗ್ ಮತ್ತು ಬಾಲ್ಟಿಮೋರ್ ಇದ್ದವು. ಅಂದರೆ ಜೇಮ್ಸ್ ಹ್ಯಾರಿಸನ್, ಟೆರೆಲ್ ಸಗ್ಸ್ ಅವರಂಥವರು ವರ್ಷಕ್ಕೆ ಎರಡೆರಡು ಸಲ ಎದುರಿಗೆ. 2008ರಲ್ಲಿ ಲೀಗ್‌ನ ಅತ್ಯುತ್ತಮ ರಕ್ಷಣಾ ಆಟಗಾರ ಹ್ಯಾರಿಸನ್, 2011ರಲ್ಲಿ ಸಗ್ಸ್. ಇಬ್ಬರೂ ಹಳೆಯ ಪಂದ್ಯಗಳ ವಿಡಿಯೋ ನೋಡಿಕೊಂಡು ಬರುವವರು. ಅಂಥವರ ಎದುರು ಒಂದೇ ಪಟ್ಟು ಹತ್ತು ವರ್ಷ ನಡೆಯಲ್ಲ.

ಸೋಲುವ ತಂಡದ ಟ್ಯಾಕಲ್‌ಗೆ ಕೆಲಸ ಇನ್ನೂ ಕಷ್ಟ. ಇದನ್ನು ಗಮನಿಸುವವರು ಕಡಿಮೆ. ತಂಡ ಮುಂದಿದ್ದರೆ ಕೊನೆಯ ಹೊತ್ತಿನಲ್ಲಿ ಚೆಂಡನ್ನು ಓಡುವವನಿಗೆ ಕೊಟ್ಟು ಸಮಯ ಕಳೆಯಬಹುದು. ಆಗ ಲೈನ್‌ಮನ್ ಮುಂದೆ ನುಗ್ಗಿ ತಳ್ಳುತ್ತಾನೆ, ಬಹುಪಾಲು ಲೈನ್‌ಮನ್‌ಗಳಿಗೆ ಇಷ್ಟವಾದ ಕೆಲಸ ಅದು. ಹದಿನಾಲ್ಕು ಅಂಕ ಹಿಂದಿದ್ದರೆ ಎಸೆಯಲೇಬೇಕು, ಎಸೆಯುತ್ತಾರೆ ಅನ್ನೋದು ಇಡೀ ಕ್ರೀಡಾಂಗಣಕ್ಕೆ ಗೊತ್ತು. ಎದುರಾಳಿ ಓಟದ ಚಿಂತೆ ಬಿಟ್ಟು ಕ್ವಾರ್ಟರ್‌ಬ್ಯಾಕ್ ಕಡೆಗೇ ಹಾರುತ್ತಾನೆ. ತಾವು ಆಡಿ ಸೋತ 119 ಪಂದ್ಯಗಳಲ್ಲಿ ಥಾಮಸ್ ಈ ಪರಿಸ್ಥಿತಿಯಲ್ಲಿ ಎಷ್ಟು ಹೊತ್ತು ಕಳೆದಿರಬಹುದು, ಯೋಚಿಸಿ. ಹತ್ತು ಸಲ ಲೀಗ್‌ನ ವರ್ಷದ ಶ್ರೇಷ್ಠರ ತಂಡವಾದ ಪ್ರೊ ಬೌಲ್‌ಗೆ ಆಯ್ಕೆ ಆಗಿದ್ದು ಇಂಥ ಪಂದ್ಯಗಳನ್ನು ಆಡಿಕೊಂಡೇ. ಮೊದಲ ಹತ್ತು ವರ್ಷಕ್ಕೆ ಹತ್ತೂ ಸಲ ಆಯ್ಕೆಯಾದವರು ಲೀಗ್ ಚರಿತ್ರೆಯಲ್ಲಿ ಬೆರಳೆಣಿಕೆಯಷ್ಟು. ಲಾರೆನ್ಸ್ ಟೇಲರ್, ಬ್ಯಾರಿ ಸ್ಯಾಂಡರ್ಸ್ ಆ ಗುಂಪಿನವರು. ಆಫೆನ್ಸಿವ್ ಲೈನ್‌ಮನ್ ಅಂತ ಇರುವುದು ಥಾಮಸ್ ಒಬ್ಬರೇ.

ಇಪ್ಪತ್ತು ಕ್ವಾರ್ಟರ್‌ಬ್ಯಾಕ್‌ಗಳು

ಥಾಮಸ್ ಆಡಿದ ಮೊದಲ ಪಂದ್ಯ 2007ರ ಸೆಪ್ಟೆಂಬರ್ 9ರಂದು, ಪಿಟ್ಸ್‌ಬರ್ಗ್ ವಿರುದ್ಧ. ಕ್ವಾರ್ಟರ್‌ಬ್ಯಾಕ್ ಚಾರ್ಲಿ ಫ್ರೈ. ಎರಡನೇ ಕ್ವಾರ್ಟರ್‌ನಲ್ಲೇ ಅವರನ್ನು ಹೊರಗೆ ಕೂರಿಸಿದರು. ತಂಡ 34-7ರಲ್ಲಿ ಸೋತಿತು. ಎರಡು ದಿನ ಕಳೆದು ಫ್ರೈ ಅವರನ್ನು ಸಿಯಾಟಲ್‌ಗೆ ಕೊಟ್ಟುಬಿಟ್ಟರು. ಅಂದರೆ ಥಾಮಸ್ ಮೊದಲು ಕಾಯ್ದ ಕ್ವಾರ್ಟರ್‌ಬ್ಯಾಕ್ ಎರಡನೇ ಪಂದ್ಯಕ್ಕೆ ಊರಲ್ಲೇ ಇರಲಿಲ್ಲ.

ಮುಂದಿನದೂ ಹೀಗೇ. ಡೆರೆಕ್ ಆಂಡರ್ಸನ್, ಬ್ರೇಡಿ ಕ್ವಿನ್, ಕೋಲ್ಟ್ ಮೆಕಾಯ್, ಬ್ರ್ಯಾಂಡನ್ ವೀಡನ್, ಬ್ರಯಾನ್ ಹೋಯರ್, ಜಾನಿ ಮ್ಯಾನ್‌ಝೀಲ್, ಜಾಶ್ ಮೆಕೌನ್, ರಾಬರ್ಟ್ ಗ್ರಿಫಿನ್, ಕೋಡಿ ಕೆಸ್ಲರ್, ಡಿಶೋನ್ ಕೈಝರ್... ಒಟ್ಟು ಇಪ್ಪತ್ತು ಮಂದಿ ಥಾಮಸ್ ಬೆನ್ನ ಹಿಂದೆ ನಿಂತು ಪಂದ್ಯ ಶುರು ಮಾಡಿದರು. ಮುಖ್ಯ ಕೋಚ್‌ಗಳು ಆರು ಮಂದಿ ಬಂದುಹೋದರು: ರೋಮಿಯೊ ಕ್ರೆನೆಲ್, ಎರಿಕ್ ಮ್ಯಾಂಜಿನಿ, ಪ್ಯಾಟ್ ಶರ್ಮರ್, ರಾಬ್ ಚುಡ್‌ಝಿನ್ಸ್ಕಿ, ಮೈಕ್ ಪೆಟೀನ್, ಹ್ಯೂ ಜಾಕ್ಸನ್. 2012ರಲ್ಲಿ ಮಾಲೀಕರೂ ಬದಲಾದರು.

ಕ್ಲೀವ್‌ಲ್ಯಾಂಡ್ ಅಭಿಮಾನಿಗಳಿಗೆ ಇದು ನಗೆಪಾಟಲಿನ ವಿಷಯ. ಆದರೆ ಟ್ಯಾಕಲ್ ಕೆಲಸಕ್ಕೆ ಇದರಿಂದ ನೇರ ಪೆಟ್ಟು ಬೀಳುತ್ತದೆ. ಟ್ಯಾಕಲ್ ಹಿಂದೆ ತಿರುಗಿ ನೋಡುವ ಹಾಗಿಲ್ಲ. ಕ್ವಾರ್ಟರ್‌ಬ್ಯಾಕ್ ಇಂಥ ಕಡೆ, ಇಷ್ಟು ಗಜ ಹಿಂದೆ ನಿಂತಿರುತ್ತಾನೆ ಎಂದು ನಂಬಿಕೊಂಡೇ ಎದುರಾಳಿಯನ್ನು ಯಾವ ಕಡೆ ತಳ್ಳಬೇಕೆಂದು ತೀರ್ಮಾನಿಸುತ್ತಾನೆ. ಏಳು ಗಜದಲ್ಲಿ ನಿಲ್ಲುವವನು ಇದ್ದರೆ ಎದುರಾಳಿಯನ್ನು ಅವನ ಬೆನ್ನ ಹಿಂದೆ ಸುತ್ತು ಹಾಕಿಸಿ ಕಳಿಸಬಹುದು. ಅದೇ ಕ್ವಾರ್ಟರ್‌ಬ್ಯಾಕ್ ಗಾಬರಿಯಿಂದ ಹತ್ತು ಗಜ ಹಿಂದೆ ಹೋದರೆ, ಟ್ಯಾಕಲ್ ಸರಿಯಾಗಿ ತಳ್ಳಿದ ಎದುರಾಳಿ ನೇರವಾಗಿ ಅವನ ಮಡಿಲಿಗೇ ಹೋಗುತ್ತಾನೆ. ಚೆಂಡು ಬೇಗ ಬಿಡುವವನ ಮುಂದೆ ಎರಡೂವರೆ ಸೆಕೆಂಡ್ ತಡೆದರೆ ಸಾಕು. ಓಡಾಡುವ ಅಭ್ಯಾಸದವನ ಮುಂದೆ ಐದು ಸೆಕೆಂಡ್ ಆದರೂ ಕೆಲಸ ಮುಗಿಯುವುದಿಲ್ಲ. ಹೋಯರ್ ಒಂದು ಥರ, ಮ್ಯಾನ್‌ಝೀಲ್ ಇನ್ನೊಂದು ಥರ. ಆ ಅಂದಾಜನ್ನು ಥಾಮಸ್ ಇಪ್ಪತ್ತು ಸಲ ಹೊಸದಾಗಿ ಕಲಿಯಬೇಕಾಯಿತು. ಆರು ಕೋಚ್‌ಗಳೆಂದರೆ ಆಟದ ಪರಿಭಾಷೆ, ಕರೆಗಳು, ತಡೆಯುವ ವ್ಯವಸ್ಥೆ ಎಲ್ಲವೂ ಮತ್ತೆ ಮತ್ತೆ ಹೊಸದು.

ನನ್ನ ದೃಷ್ಟಿಯಲ್ಲಿ ಹಾಜರಿ ಲೆಕ್ಕಕ್ಕಿಂತ ದೊಡ್ಡ ಸಾಧನೆ ಇದು. ಒಂದೇ ಕ್ವಾರ್ಟರ್‌ಬ್ಯಾಕ್ ಜೊತೆ ಹತ್ತು ವರ್ಷ ಆಡಿದ ಟ್ಯಾಕಲ್‌ಗಳನ್ನು ಥಾಮಸ್ ಜೊತೆ ಹೋಲಿಸುವಾಗ ಈ ವ್ಯತ್ಯಾಸಕ್ಕೆ ಬೆಲೆ ಕೊಡಲೇಬೇಕು.

ಬೇರೆಯವರ ಲೆಕ್ಕದಲ್ಲಿ

ಲೈನ್‌ಮನ್ ಅಂಕಿಅಂಶ ಅವನ ಹೆಸರಲ್ಲಿ ಇರುವುದಿಲ್ಲ, ನಿಜ. ಹುಡುಕಿದರೆ ಬೇರೆಯವರ ಹೆಸರಲ್ಲಿ ಸಿಗುತ್ತದೆ. 2009ರ ಡಿಸೆಂಬರ್ 20ರಂದು ಕ್ಯಾನ್ಸಸ್ ಸಿಟಿ ವಿರುದ್ಧ ಜೆರೋಮ್ ಹ್ಯಾರಿಸನ್ ಎಂಬ ಅಷ್ಟೇನೂ ಹೆಸರಿಲ್ಲದ ಆಟಗಾರ 286 ಗಜ ಓಡಿ, ಜಿಮ್ ಬ್ರೌನ್ ಹೆಸರಲ್ಲಿದ್ದ ತಂಡದ ದಾಖಲೆ ಮುರಿದರು. ಮರುವರ್ಷ ಪೇಟನ್ ಹಿಲ್ಲಿಸ್ 1,177 ಗಜ ಓಡಿ ಒಂದು ವಿಡಿಯೋ ಗೇಮ್‌ನ ಮುಖಪುಟಕ್ಕೇ ಬಂದರು. 2013ರಲ್ಲಿ ಜಾಶ್ ಗಾರ್ಡನ್ 14 ಪಂದ್ಯಗಳಲ್ಲಿ 1,646 ಗಜದ ಪಾಸ್ ಹಿಡಿದು ಲೀಗ್‌ಗೇ ಮೊದಲಿಗರಾದರು. ಆ ವರ್ಷ ಬ್ರೌನ್ಸ್‌ಗೆ ಮೂವರು ಕ್ವಾರ್ಟರ್‌ಬ್ಯಾಕ್‌ಗಳು ಎಸೆದಿದ್ದರು.

ಇದೆಲ್ಲ ಥಾಮಸ್ ಒಬ್ಬರದೇ ಕೆಲಸ ಅಂದರೆ ಅನ್ಯಾಯ. ಪಕ್ಕದಲ್ಲಿ ಎರಿಕ್ ಸ್ಟೈನ್‌ಬಾಕ್ ಇದ್ದರು. 2009ರಿಂದ ಸೆಂಟರ್ ಆಗಿ ಅಲೆಕ್ಸ್ ಮ್ಯಾಕ್, 2012ರಿಂದ ಬಲತುದಿಯಲ್ಲಿ ಮಿಚೆಲ್ ಶ್ವಾರ್ಟ್ಸ್, 2014ರಿಂದ ಲೆಫ್ಟ್ ಗಾರ್ಡ್ ಜೋಯಲ್ ಬಿಟೋನಿಯೊ ಬಂದರು. ಬ್ರೌನ್ಸ್ ಮಾಡಿದ ವಿಚಿತ್ರವೆಂದರೆ, ಕಟ್ಟಲು ಕಷ್ಟವಾದ ಲೈನನ್ನು ಚೆನ್ನಾಗಿ ಕಟ್ಟಿತು. ಅದರ ಹಿಂದೆ ನಿಲ್ಲಬೇಕಾದವನನ್ನು ಹುಡುಕಲಾಗಲಿಲ್ಲ.

ಡೆನ್ವರ್‌ಗೆ ಹೋಗಿದ್ದರೆ

2011ರ ಆಗಸ್ಟ್‌ನಲ್ಲಿ ಥಾಮಸ್ ಬ್ರೌನ್ಸ್ ಜೊತೆ ಏಳು ವರ್ಷಕ್ಕೆ 84 ಮಿಲಿಯನ್ ಡಾಲರ್‌ಗಳ ಹೊಸ ಒಪ್ಪಂದ ಮಾಡಿಕೊಂಡರು. ಅದರಲ್ಲಿ 44 ಮಿಲಿಯನ್ ಖಾತ್ರಿ ಹಣ. ತಂಡ ಆ ಹೊತ್ತಿಗೆ ಮೂರು ವರ್ಷದಲ್ಲಿ 14 ಪಂದ್ಯ ಗೆದ್ದಿತ್ತು. ಹಣಕ್ಕಾಗಿ ಉಳಿದರು ಅನ್ನಬಹುದು. ಆದರೆ ಅವರಂಥ ಟ್ಯಾಕಲ್‌ಗೆ ಆ ಹಣ ಬೇರೆ ಕಡೆಯೂ ಸಿಗುತ್ತಿತ್ತು.

2015ರ ನವೆಂಬರ್‌ನಲ್ಲಿ ಆಟಗಾರರ ವಿನಿಮಯದ ಕೊನೆಯ ದಿನ ಡೆನ್ವರ್ ಬ್ರಾಂಕೋಸ್ ಥಾಮಸ್ ಅವರನ್ನು ಕೇಳಿತು. ಎರಡು ತಂಡಗಳು ಡ್ರಾಫ್ಟ್ ಆಯ್ಕೆಗಳ ಲೆಕ್ಕದಲ್ಲಿ ಹಗ್ಗಜಗ್ಗಾಡಿದವು, ವ್ಯವಹಾರ ಕುದುರಲಿಲ್ಲ. ಮೂರು ತಿಂಗಳ ನಂತರ, 2016ರ ಫೆಬ್ರವರಿ 7ರಂದು, ಡೆನ್ವರ್ 24-10ರಲ್ಲಿ ಕೆರೊಲೈನಾವನ್ನು ಸೋಲಿಸಿ ಲೀಗ್‌ನ ಅಂತಿಮ ಪಂದ್ಯ ಸೂಪರ್ ಬೌಲ್ ಗೆದ್ದಿತು. ಕ್ಲೀವ್‌ಲ್ಯಾಂಡ್ ಆ ಋತುವನ್ನು 3-13ರಲ್ಲಿ (3 ಗೆಲುವು, 13 ಸೋಲು) ಮುಗಿಸಿತು.

ಥಾಮಸ್ ಹೋಗಬೇಕಿತ್ತು ಎಂದು ಸುಲಭವಾಗಿ ಹೇಳಬಹುದು. ನನಗೆ ಹಾಗನ್ನಿಸುವುದಿಲ್ಲ. ಡೆನ್ವರ್ ಗೆದ್ದಿದ್ದು ರಕ್ಷಣೆಯ ಬಲದ ಮೇಲೆ, ಅವರಿಲ್ಲದೆಯೂ ಗೆದ್ದಿತು. ತಪ್ಪು ಇದ್ದರೆ ಅದು ಬ್ರೌನ್ಸ್ ಆಡಳಿತದ್ದು. 31 ತುಂಬುತ್ತಿದ್ದ ಟ್ಯಾಕಲ್ ಒಬ್ಬನನ್ನು ಒಳ್ಳೆಯ ಬೆಲೆಗೆ ಕೊಡಲಿಲ್ಲ, ಸರಿ, ಉಳಿಸಿಕೊಂಡಿರಿ. ಹಾಗಾದರೆ ಅವನ ಸುತ್ತ ಕಟ್ಟಿದ ಲೈನನ್ನಾದರೂ ಉಳಿಸಿಕೊಳ್ಳಬೇಕಿತ್ತಲ್ಲ? ನಾಲ್ಕೇ ತಿಂಗಳಲ್ಲಿ, 2016ರ ಮಾರ್ಚ್‌ನಲ್ಲಿ, ಮ್ಯಾಕ್ ಅಟ್ಲಾಂಟಾಗೆ ಹೋದರು, ಶ್ವಾರ್ಟ್ಸ್ ಕ್ಯಾನ್ಸಸ್ ಸಿಟಿಗೆ ಹೋದರು. ಮ್ಯಾಕ್ ಹೋದ ಮೊದಲ ವರ್ಷವೇ ಸೂಪರ್ ಬೌಲ್ ಆಡಿದರು. ಶ್ವಾರ್ಟ್ಸ್ 2020ರ ಫೆಬ್ರವರಿಯಲ್ಲಿ ಗೆದ್ದೇಬಿಟ್ಟರು.

2016ರಲ್ಲಿ ಬ್ರೌನ್ಸ್ ಕ್ವಾರ್ಟರ್‌ಬ್ಯಾಕ್‌ಗಳು 66 ಸಲ ಸ್ಯಾಕ್ ಆದರು. ಲೀಗ್‌ನಲ್ಲಿ ಎಲ್ಲರಿಗಿಂತ ಜಾಸ್ತಿ. ಎಡತುದಿಯಲ್ಲಿ ಆಗಲೂ ಥಾಮಸ್ ಇದ್ದರು, ಆ ವರ್ಷವೂ ಪ್ರೊ ಬೌಲ್‌ಗೆ ಆಯ್ಕೆಯಾದರು. ಈ ಪ್ರಕರಣದ ತಿರುಳು ಇಲ್ಲಿದೆ ಎಂದು ನನಗನ್ನಿಸುತ್ತದೆ. ಒಬ್ಬ ಲೆಫ್ಟ್ ಟ್ಯಾಕಲ್ ಒಂದು ದಾರಿ ಮುಚ್ಚಬಲ್ಲ. ಉಳಿದ ನಾಲ್ಕು ದಾರಿ ತೆರೆದಿದ್ದರೆ ಎದುರಾಳಿಗಳು ಅಲ್ಲಿಂದ ಬರುತ್ತಾರೆ. ಒಬ್ಬ ಒಳ್ಳೆಯ ಕ್ವಾರ್ಟರ್‌ಬ್ಯಾಕ್ ನಾಲ್ಕು ತಪ್ಪುಗಳನ್ನು ಮುಚ್ಚಿಹಾಕುತ್ತಾನೆ. ಲೈನ್‌ಮನ್ ಮುಚ್ಚಿಹಾಕುವುದು ತನ್ನ ಜಾಗದ್ದನ್ನು ಮಾತ್ರ. ಬ್ರೌನ್ಸ್‌ನವರಿಗೆ ಹತ್ತು ವರ್ಷ ಎಡತುದಿಯ ಚಿಂತೆ ಇರಲಿಲ್ಲ. ಅದರಿಂದ ಉಳಿದ ಹಣ, ಉಳಿದ ಡ್ರಾಫ್ಟ್ ಆಯ್ಕೆಗಳನ್ನು ಬೇರೆ ಜಾಗಗಳಲ್ಲಿ ಹಾಳು ಮಾಡಿದರು.

ಆ ವರ್ಷ ತಂಡ ಗೆದ್ದಿದ್ದು ಒಂದೇ ಪಂದ್ಯ, ಡಿಸೆಂಬರ್ 24ರಂದು ಸ್ಯಾನ್ ಡಿಯೇಗೊ ವಿರುದ್ಧ, 20-17. ಥಾಮಸ್ ಆಡಿ ಗೆದ್ದ ಕೊನೆಯ ಪಂದ್ಯವೂ ಅದೇ.

ಕೊನೆಯ ಸ್ನ್ಯಾಪ್

2017ರ ಎರಡನೇ ವಾರ ಬಾಲ್ಟಿಮೋರ್‌ನಲ್ಲಿ ಥಾಮಸ್ ಅವರ ಸ್ನ್ಯಾಪ್ ಎಣಿಕೆ ಹತ್ತು ಸಾವಿರ ದಾಟಿತು. ಅಕ್ಟೋಬರ್ 22ರಂದು ಟೆನೆಸ್ಸಿ ಟೈಟನ್ಸ್ ಕ್ಲೀವ್‌ಲ್ಯಾಂಡ್‌ಗೆ ಬಂದಿತ್ತು. ಮೂರನೇ ಕ್ವಾರ್ಟರ್. ಓಟದ ಆಟ, ಎದುರಿಗೆ ಬ್ರಯಾನ್ ಒರಾಕ್ಪೊ. ಎಡಗೈ ಚಾಚಿ ತಡೆಯುವಾಗ ಥಾಮಸ್ ಅವರ ತೋಳಿನ ಟ್ರೈಸೆಪ್ಸ್ ಸ್ನಾಯು ಹರಿಯಿತು. ತೋಳು ಹಿಡಿದುಕೊಂಡು ನೆಲಕ್ಕೆ ಕೂತರು. ಅವರ ಜಾಗಕ್ಕೆ ಸ್ಪೆನ್ಸರ್ ಡ್ರ್ಯಾಂಗೊ ಹೋದರು. ಹತ್ತು ವರ್ಷದಲ್ಲಿ ಮೊದಲ ಸಲ ಆ ಜಾಗದಲ್ಲಿ ಬೇರೊಬ್ಬರು. ತಂಡ ಹೆಚ್ಚುವರಿ ಸಮಯದಲ್ಲಿ 12-9ರಲ್ಲಿ ಸೋತಿತು. ಆ ಋತು 0-16ರಲ್ಲಿ ಮುಗಿಯಿತು.

2018ರ ಮಾರ್ಚ್ 14ರಂದು ಥಾಮಸ್ ನಿವೃತ್ತಿ ಹೇಳಿದರು. 33 ವರ್ಷ.

ಇಲ್ಲೊಂದು ಚಿಕ್ಕ ಲೆಕ್ಕ. ಒಂದು ಸ್ನ್ಯಾಪ್ ಸರಾಸರಿ ಐದು ಸೆಕೆಂಡ್ ಅಂದುಕೊಂಡರೆ 10,363 ಸ್ನ್ಯಾಪ್ ಹದಿನಾಲ್ಕು ಹದಿನೈದು ಗಂಟೆ ಆಗುತ್ತದೆ. ಇಡೀ ವೃತ್ತಿಯ ಗುದ್ದಾಟ ಒಂದು ಹಗಲಿಗೆ ಮುಗಿಯುವಷ್ಟು. ಆದರೆ ಪ್ರತಿ ಐದು ಸೆಕೆಂಡಿಗೂ ಒಂದು ಡಿಕ್ಕಿ ಇದೆ.

ಮೈಗೆ ಆದದ್ದು

ಇದನ್ನು ಬಿಟ್ಟು ಲೈನ್‌ಮನ್ ವೃತ್ತಿಯ ಬಗ್ಗೆ ಬರೆಯುವುದು ಸರಿಯಲ್ಲ. 2002ರಲ್ಲಿ ಪಿಟ್ಸ್‌ಬರ್ಗ್‌ನ ಹಳೆಯ ಸೆಂಟರ್ ಮೈಕ್ ವೆಬ್‌ಸ್ಟರ್ 50ನೇ ವಯಸ್ಸಿಗೆ ತೀರಿಕೊಂಡರು. ಡಾ. ಬೆನೆಟ್ ಒಮಾಲು ಅವರ ಮಿದುಳು ಪರೀಕ್ಷಿಸಿ ಸಿಟಿಇ ಎಂಬ ಕಾಯಿಲೆ ಗುರುತಿಸಿದರು. ಮತ್ತೆ ಮತ್ತೆ ತಲೆಗೆ ಬೀಳುವ ಪೆಟ್ಟಿನಿಂದ ಮಿದುಳು ನಿಧಾನವಾಗಿ ಕೆಡುವ ಕಾಯಿಲೆ ಅದು. ಎನ್‌ಎಫ್‌ಎಲ್ ಆಟಗಾರರಲ್ಲಿ ಮೊದಲು ಪತ್ತೆಯಾಗಿದ್ದು ಒಬ್ಬ ಲೈನ್‌ಮನ್‌ನಲ್ಲೇ. ಲೈನ್‌ಮನ್‌ಗೆ ಬೀಳುವ ಪೆಟ್ಟು ಒಂದೊಂದೂ ಟಿವಿಯಲ್ಲಿ ತೋರಿಸುವಷ್ಟು ದೊಡ್ಡದಿರುವುದಿಲ್ಲ. ಎಣಿಕೆ ಮಾತ್ರ ಬಹಳ.

ಥಾಮಸ್ ಆಡುತ್ತಿದ್ದಾಗಲೇ, 2017ರಲ್ಲಿ, ತನಗೆ ಮರೆವು ಶುರುವಾಗಿದೆ ಎಂದು ಸಂದರ್ಶನವೊಂದರಲ್ಲಿ ಹೇಳಿದ್ದರು. ಅದು ವಯಸ್ಸಿನಿಂದಲೋ ಆಟದಿಂದಲೋ ಹೇಳುವುದು ಕಷ್ಟ ಎಂದೂ ಸೇರಿಸಿದ್ದರು. ಆಗ ಅವರಿಗೆ 32.

2011ರ ಕಾರ್ಮಿಕ ಒಪ್ಪಂದದಲ್ಲಿ, ಋತುವಿನ ನಡುವೆ ಪೂರ್ತಿ ಕವಚ ಹಾಕಿ ಮಾಡುವ ಅಭ್ಯಾಸವನ್ನು 14 ದಿನಕ್ಕೆ ಇಳಿಸಿದರು. ಥಾಮಸ್ ಸರಣಿ ಅಷ್ಟು ಉದ್ದ ಬೆಳೆಯಲು ಈ ಬದಲಾವಣೆಯ ಪಾಲೂ ಇದೆ ಎಂದು ನನ್ನ ಊಹೆ. ವಾರವಿಡೀ ಡಿಕ್ಕಿ ಹೊಡೆಯುತ್ತಿದ್ದ ಹಿಂದಿನ ಪೀಳಿಗೆಯವರಿಗೆ ಆ ಅನುಕೂಲ ಇರಲಿಲ್ಲ.

ಇನ್ನು ತೂಕದ ವಿಷಯ. 140 ಕೆಜಿ ಅವರ ಸಹಜ ತೂಕ ಅಲ್ಲ. ಕೆಲಸಕ್ಕೆ ಬೇಕೆಂದು ಹೊತ್ತುಕೊಂಡ ತೂಕ. ಅದನ್ನು ಉಳಿಸಿಕೊಳ್ಳಲು ಎರಡು ಗಂಟೆಗೊಮ್ಮೆ ತಿನ್ನಬೇಕಿತ್ತು ಎಂದು ಅವರೇ ಹೇಳಿದ್ದಾರೆ. ಬೆಳಗ್ಗೆ ಮೊಟ್ಟೆ, ಬೇಕನ್, ಸಾಸೇಜ್, ಪ್ಯಾನ್‌ಕೇಕ್, ಓಟ್ಸ್. ರಾತ್ರಿ ಇಡೀ ಪಿಜ್ಜಾ, ಮೇಲೆ ಬಿಸ್ಕತ್ತು, ಐಸ್‌ಕ್ರೀಮ್. ಹಸಿವಿಗೆ ತಿನ್ನುವುದಲ್ಲ, ಡ್ಯೂಟಿ ಥರ ತಿನ್ನುವುದು. ನಿವೃತ್ತಿಯಾದ ಕೂಡಲೇ ಹಾಗೆ ತಿನ್ನುವುದು ನಿಲ್ಲಿಸಿದರು. ಈಜು ಹಿಡಿದರು. ಕೆಲವೇ ತಿಂಗಳಲ್ಲಿ ಇಪ್ಪತ್ತು ಕೆಜಿಗೂ ಹೆಚ್ಚು ಇಳಿಯಿತು. ಟಿವಿಯಲ್ಲಿ ಪಂದ್ಯ ವಿಶ್ಲೇಷಣೆ ಮಾಡಲು ಬಂದ ಹೊಸ ಥಾಮಸ್ ನೋಡಿ ಅಭಿಮಾನಿಗಳಿಗೆ ಗುರುತೇ ಸಿಗಲಿಲ್ಲ.

ಅವರು ಹೋದ ಮೇಲೆ

ಗೌರವ ಪಟ್ಟಿಗೆ 10,363 ಸೇರಿದ ಆ ರಾತ್ರಿಯೇ ಬ್ರೌನ್ಸ್ ನ್ಯೂಯಾರ್ಕ್ ಜೆಟ್ಸ್ ತಂಡವನ್ನು 21-17ರಲ್ಲಿ ಸೋಲಿಸಿತು. 635 ದಿನಗಳ ನಂತರದ ಮೊದಲ ಗೆಲುವು. ನಡುವೆ ಮೈದಾನಕ್ಕೆ ಇಳಿದ ಬೇಕರ್ ಮೇಫೀಲ್ಡ್ ಎಂಬ ಹೊಸ ಕ್ವಾರ್ಟರ್‌ಬ್ಯಾಕ್ ಪಂದ್ಯ ತಿರುಗಿಸಿದರು. ಥಾಮಸ್ ಅಂದು ಅತಿಥಿ.

ಅವರ ಜಾಗ ತುಂಬುವುದು ಸುಲಭ ಆಗಲಿಲ್ಲ. 2018ರ ಮೊದಲ ಪಂದ್ಯಕ್ಕೆ ಡ್ರಾಫ್ಟ್‌ನಲ್ಲಿ ಯಾರೂ ಆರಿಸದ ಡೆಸ್ಮಂಡ್ ಹ್ಯಾರಿಸನ್ ಅವರನ್ನು ನಿಲ್ಲಿಸಿದರು, ನಡುವಿನಲ್ಲಿ ಗ್ರೆಗ್ ರಾಬಿನ್ಸನ್ ಬಂದರು. 2020ರಲ್ಲಿ ಮೊದಲ ಸುತ್ತಿನ ಹತ್ತನೇ ಆಯ್ಕೆ ಕೊಟ್ಟು ಜೆಡ್ರಿಕ್ ವಿಲ್ಸ್ ಅವರನ್ನು ತಂದರು. ಕಾಲೇಜಿನಲ್ಲಿ ಬಲತುದಿಯಲ್ಲಿ ಆಡಿದವರನ್ನು ಎಡಕ್ಕೆ ತಿರುಗಿಸಿದರು. ಹದಿಮೂರು ವರ್ಷ ಹಿಂದೆ ಒಂದು ಆಯ್ಕೆಯಿಂದ ಮರೆತುಬಿಟ್ಟಿದ್ದ ಖರ್ಚು ಮತ್ತೆ ತಲೆ ಎತ್ತಿತು.

ಥಾಮಸ್ 2023ರಲ್ಲಿ ಅರ್ಹರಾದ ಮೊದಲ ವರ್ಷವೇ ಆಟದ ಸಾರ್ವಕಾಲಿಕ ಶ್ರೇಷ್ಠರ ಪಟ್ಟಿಯಾದ ಹಾಲ್ ಆಫ್ ಫೇಮ್‌ಗೆ ಆಯ್ಕೆಯಾದರು. ಆಗಸ್ಟ್ 5ರಂದು ಕ್ಲೀವ್‌ಲ್ಯಾಂಡ್‌ಗೆ ಹತ್ತಿರದ ಕ್ಯಾಂಟನ್‌ನಲ್ಲಿ ಸಮಾರಂಭ. ಆ ವರ್ಷ ಆಯ್ಕೆಯಾದವರಲ್ಲಿ ಡಿಮಾರ್ಕಸ್ ವೇರ್ ಕೂಡ ಇದ್ದರು. ಥಾಮಸ್ ಥರದವರನ್ನು ದಾಟಿ ಕ್ವಾರ್ಟರ್‌ಬ್ಯಾಕ್‌ನನ್ನು ಕೆಡವುವುದೇ ವೇರ್ ಕೆಲಸ. 2015ರ ಆ ಡೆನ್ವರ್ ತಂಡದಲ್ಲಿ ಸೂಪರ್ ಬೌಲ್ ಗೆದ್ದವರು ಅವರು.

ಪ್ಲೇಆಫ್ ವಿಷಯಕ್ಕೆ ಬಂದರೆ, ಥಾಮಸ್ ನಿವೃತ್ತಿಯಾಗಿ ಮೂರನೇ ಋತುವಿನಲ್ಲಿ ಬ್ರೌನ್ಸ್ ಅಲ್ಲಿಗೆ ತಲುಪಿತು. 2021ರ ಜನವರಿ 10ರಂದು ಪಿಟ್ಸ್‌ಬರ್ಗ್‌ನಲ್ಲೇ ಪಿಟ್ಸ್‌ಬರ್ಗ್ ತಂಡವನ್ನು 48-37ರಲ್ಲಿ ಸೋಲಿಸಿತು. ಥಾಮಸ್ ಕಾಲದ ಲೈನಿನಿಂದ ಉಳಿದಿದ್ದವರಲ್ಲಿ ಎಲ್ಲರಿಗಿಂತ ಹಳಬರು ಬಿಟೋನಿಯೊ. ಏಳು ವರ್ಷ ಕಾದಿದ್ದ ಅವರಿಗೆ ಆ ವಾರ ಕೋವಿಡ್ ಬಂತು. ಪಂದ್ಯಕ್ಕೆ ಹೋಗಲಾಗಲಿಲ್ಲ. ಮುಂದಿನ ವಾರ ಕ್ಯಾನ್ಸಸ್ ಸಿಟಿಯಲ್ಲಿ ಆಡಿದರು. ಆ ಪಂದ್ಯವನ್ನು ಬ್ರೌನ್ಸ್ 22-17ರಲ್ಲಿ ಸೋತಿತು.